ಕೆಂಬಳಗಿಯ ಮೀರಾಬ ಕಟ್ಟೆ

ಬೀದರ ಸೀಮೆಯ ಕೆಂಪು ಕಲ್ಲಿನ ಬಯಲಿನಲ್ಲಿ, ಡಾಂಬರು ರಸ್ತೆ ಬಿಟ್ಟು ಸ್ವಲ್ಪ ಒಳಗೆ ಹೋದರೆ ನಮ್ಮ ಕೆಂಬಳಗಿ ಸಿಗುತ್ತದೆ. ಊರ ಮೇಲ್ಗಡೆ ಗುಡ್ಡದ ಬುಡದಲ್ಲಿ ಒಂದು ಕಲ್ಲಿನ ಕಮಾನು ಇದೆ. ಅದರೊಳಗಿನ ಕತ್ತಲೆಯಿಂದ ಸುಡು ಬೇಸಿಗೆಯಲ್ಲೂ ತಣ್ಣನೆಯ ನೀರು ಸದ್ದಿಲ್ಲದೆ ಹರಿದು ಹೊರಬರುತ್ತದೆ. ಬಂದ ನೀರು ಒಂದು ತೊಟ್ಟಿಗೆ ಬಿದ್ದು, ಅಲ್ಲಿಂದ ಹೊಲ ತೋಟಗಳ ಕಾಲುವೆಗಳಿಗೆ ಹೊರಳುತ್ತದೆ. ತೊಟ್ಟಿಯ ಪಕ್ಕಕ್ಕೆ ಎದೆಮಟ್ಟದ ಒಂದು ಕಟ್ಟೆ, ಕಟ್ಟೆಯ ಮೇಲೆ ಒರಗು ಇರುವ ಒಂದು ಕಲ್ಲಿನ ಪೀಠ. ನೋಡಲು ಬಂದವರೆಲ್ಲ ಮೊದಲು ಕೇಳುವುದು ಈ ಪೀಠದ ಬಗ್ಗೆಯೇ. ಏಕೆಂದರೆ ಅದರ ಮುಖ ಹೊಲಗಳ ಕಡೆಗಿಲ್ಲ, ಗುಡ್ಡದ ಕಡೆಗಿದೆ. ಅಲ್ಲಿ ಕೂತವರಿಗೆ ಕಾಣುವುದು ಒಂದು ಬೋಳು ಗೋಡೆ ಮಾತ್ರ, ಊರಿನ ಹಸಿರೆಲ್ಲ ಬೆನ್ನ ಹಿಂದೆ. ಕಲ್ಲುಕುಟಿಗ ಸಿಂದಿ ಕುಡಿದು ತಿರುಗಾಮುರುಗಾ ಇಟ್ಟಿರಬೇಕು ಎಂದು ನಗುವವರಿದ್ದಾರೆ. ಪ್ರವಾಸಿಗರ ಅನುಕೂಲಕ್ಕಾಗಿ ಅದನ್ನು ಎತ್ತಿ ಇತ್ತ ಮುಖ ಮಾಡಿ ಇಡಿಸುತ್ತೇನೆಂದು ಹಿಂದೊಮ್ಮೆ ಒಬ್ಬ ಅಧಿಕಾರಿ ಹೊರಟಿದ್ದರು. ಊರವರು ಅವರಿಗೆ ಚಹಾ ಕುಡಿಸಿ, ಶೇಂಗಾ ಹೋಳಿಗೆ ಕೊಟ್ಟು, ಮರ್ಯಾದೆಯಿಂದ ಜೀಪು ಹತ್ತಿಸಿದರು.

ಕಟ್ಟೆಯ ಹೆಸರು ಮೀರಾಬ ಕಟ್ಟೆ. ಅದರ ಹಿಂದಿನ ಬೋಳು ಬಂಡೆಯ ಮೇಲೆ ಒತ್ತೊತ್ತಾಗಿ ನಿಂತಿರುವ ಮನೆಗಳವರ ಅಡ್ಡಹೆಸರೂ ಮೀರಾಬ. ಅವರು ಒಡ್ಡರು. ಜಗಲಿಯ ಮೇಲೆ ಎಲ್ಲಮ್ಮನನ್ನು ಇಟ್ಟು ಪೂಜಿಸುವವರು, ಮುದುಕರು ಇಂದಿಗೂ ಮನೆಯೊಳಗೆ ಅರೆತೆಲುಗು ಆಡುವವರು. ಸಾಯವ್ವ ಮೀರಾಬ, ನಾಗೇಂದ್ರಪ್ಪ ಮೀರಾಬ ಎಂಬ ಹೆಸರುಗಳನ್ನು ಕಂಡಾಗ ಪರ ಊರಿನ ಗುಮಾಸ್ತರು ಒಮ್ಮೆ ಹೆಸರನ್ನೂ ಒಮ್ಮೆ ಹಣೆಯ ಭಂಡಾರವನ್ನೂ ನೋಡಿ ತಬ್ಬಿಬ್ಬಾಗುತ್ತಾರೆ. ಇದು ಹಿಂದೂ ಹೆಸರೋ ಮುಸಲ್ಮಾನರ ಹೆಸರೋ ಎಂದು ಕೆಲವರು ಬಾಯಿಬಿಟ್ಟೇ ಕೇಳುತ್ತಾರೆ. ಅದು ಕೆಲಸದ ಹೆಸರು ಸ್ವಾಮಿ ಎಂದು ಇವರು ಉತ್ತರ ಕೊಡುತ್ತಾರೆ. ನಾನು ಮೀರಾಬರ ಪೈಕಿ ಅಲ್ಲ, ಬಿರಾದಾರರವನು. ಆದರೆ ಬಂಡೆಯ ಕೆಳಗಿನ ಮೊದಲ ಮನೆ ನಮ್ಮದು, ಅವರಿಗೂ ನಮಗೂ ನಡುವೆ ಇರುವುದು ಒಂದೇ ಗೋಡೆ. ಈ ಕಥೆಯನ್ನು ನಮ್ಮ ಅಜ್ಜಿಯ ಬಾಯಲ್ಲೂ ಅವರ ಅಜ್ಜಿಯ ಬಾಯಲ್ಲೂ ಕೇಳಿದ್ದೇನೆ. ಒಂದು ವಾಕ್ಯ ಬಿಟ್ಟರೆ ಎರಡೂ ಕಡೆ ಒಂದೇ ರೀತಿ ಇರುವುದರಿಂದ ಹೇಳಲು ನನಗೆ ಅಂಜಿಕೆಯಿಲ್ಲ.

ಮೊದಲು ಹೆಸರಿನ ಮಾತು. ಹಿಂದೆ ಪಾರಸಿ ಸೀಮೆಯಿಂದ ದಖ್ಖನ್ನಿಗೆ ಬಂದವರು ಹೆಸರಿನ ಹಿಂದೆ ಎರಡು ಬಗೆಯ ಬಾಲಗಳನ್ನು ತಂದರು. ಒಂದು, ಬಿಟ್ಟು ಬಂದ ಊರಿನದು. ಶಿರಾಜಿನವನು ಶಿರಾಜಿ, ಯಜ್ದಿನವನು ಯಜ್ದಿ. ಇದು ಹುಟ್ಟಿನಿಂದ ಬರುತ್ತದೆ, ಯಾರೂ ಕೊಡುವಂತಿಲ್ಲ, ಯಾರೂ ಕಸಿಯುವಂತಿಲ್ಲ. ಇನ್ನೊಂದು, ಹಿಡಿದ ಕೆಲಸದ್ದು. ಪಾರಸಿಯಲ್ಲಿ ಮೀರ್ ಎಂದರೆ ಒಡೆಯ, ಆಬ್ ಎಂದರೆ ನೀರು. ನಮ್ಮ ಗುಲಾಬಿಯ ಹೆಸರಿನಲ್ಲಿರುವುದೂ ಇದೇ ಆಬು, ಹೂವಿನಿಂದ ಇಳಿಸಿದ ನೀರು. ಊರಿನ ನೀರನ್ನು ಹೊಲಹೊಲಕ್ಕೂ ಪಾಲು ಹಾಕಿ ಬಿಡುವವನನ್ನು ಅವರು ಮೀರಾಬ ಎಂದು ಕರೆದರು. ಕಾಲಕ್ರಮದಲ್ಲಿ ಆ ಕೆಲಸ ಹಿಡಿದ ಮನೆತನಗಳಿಗೆ ಅದೇ ಅಡ್ಡಹೆಸರಾಗಿ ನಿಂತಿತು. ಹೆಸರೇನೋ ಒಡೆಯನದು. ಆದರೆ ಈ ಒಡೆಯನಿಗೆ ಎಂಥ ಬೇಲಿ ಹಾಕಿದ್ದರು ಎಂಬುದನ್ನು ತಿಳಿಯದೆ ಇದರ ಅರ್ಥ ಪೂರ್ತಿಯಾಗುವುದಿಲ್ಲ.

ಹಿಂದೆ ಒಮ್ಮೆ, ಬೀದರದಲ್ಲಿ ಸುಲ್ತಾನರು ಆಳುತ್ತಿದ್ದ ಕಾಲದಲ್ಲಿ, ಕೆಂಬಳಗಿ ನೀರಿಲ್ಲದ ಊರಾಗಿತ್ತು ಎನ್ನುತ್ತಾರೆ. ಮಳೆ ಬೀಳದೆ ಅಲ್ಲ. ಬಿದ್ದದ್ದನ್ನೆಲ್ಲ ಈ ಕೆಂಪು ಕಲ್ಲು ಜರಡಿಯಂತೆ ಕೆಳಗಿಳಿಸಿಬಿಡುತ್ತಿತ್ತು. ಆಗ ಇಲ್ಲಿನ ಜಾಗೀರದಾರ ಯಜ್ದಿನಿಂದ ಬಂದಿದ್ದ ರುಕ್ನುದ್ದೀನ್ ಎಂಬ ಉಸ್ತಾದನನ್ನು ಕರೆಸಿದ. ಮಳೆಯೇ ಅಪರೂಪವಾದ ತನ್ನ ನಾಡಿನಲ್ಲಿ ನೆಲದೊಳಗೆ ಸುರಂಗ ತೋಡಿ, ಗುಡ್ಡದ ಹೊಟ್ಟೆಯ ನೀರನ್ನು ತಾನಾಗಿಯೇ ಹರಿದು ಬರುವಂತೆ ಮಾಡುವ ವಿದ್ಯೆ ಕಲಿತವನು ಅವನು. ಅದಕ್ಕೆ ನಮ್ಮಲ್ಲಿ ಸುರಂಗ ಬಾವಿ ಎನ್ನುತ್ತಾರೆ. ಉಸ್ತಾದನಿಗೆ ಗುಡ್ಡ ಗೊತ್ತು, ಈ ಕಲ್ಲು ಗೊತ್ತಿಲ್ಲ. ಕಲ್ಲು ಗೊತ್ತಿದ್ದವರು ಊರೂರು ಸುತ್ತುತ್ತ ಮಣ್ಣಿನ ಕೆಲಸ ಮಾಡುತ್ತಿದ್ದ ಒಡ್ಡರು. ಹೀಗೆ ಭಾಷೆ ಬಾರದ ಇಬ್ಬರೂ ಸನ್ನೆಯಲ್ಲಿ ಶುರುಮಾಡಿ, ಕೆಲಸ ಮುಗಿಯುವಷ್ಟರಲ್ಲಿ ಒಬ್ಬರ ಬೈಗುಳ ಇನ್ನೊಬ್ಬರು ಬಲ್ಲಷ್ಟು ಹತ್ತಿರವಾದರು. ಸುರಂಗಕ್ಕೆ ಇಳಿಯುವವರು ಬಿಳಿಯ ಬಟ್ಟೆಯನ್ನೇ ತೊಡಬೇಕೆಂಬುದು ಯಜ್ದಿನವರ ಪದ್ಧತಿ. ಕತ್ತಲಲ್ಲಿ ಕಾಣಲೆಂದು ಒಂದು ಮಾತು, ಮೇಲಿನ ಮಣ್ಣು ಕುಸಿದರೆ ಅದೇ ಕಫನು, ಹೆಣಕ್ಕೆ ಹೊದಿಸುವ ಬಟ್ಟೆ, ಆಗಲೆಂದು ಇನ್ನೊಂದು ಮಾತು. ಒಡ್ಡರೂ ಬಿಳಿ ತೊಟ್ಟರು. ಕೊನೆಯ ಹಂತದಲ್ಲಿ ಒಂದು ಕಡೆ ಮಣ್ಣು ಕುಸಿದೇ ಬಿಟ್ಟಿತು. ಗುಂಪಿನ ಮುಂದಾಳು ಪೋತಪ್ಪ ಅದರಡಿ ಸಿಕ್ಕಿಕೊಂಡ. ರುಕ್ನುದ್ದೀನ್ ಯಾರನ್ನೂ ಕಳಿಸದೆ ತಾನೇ ತೆವಳಿಕೊಂಡು ಒಳಗೆ ಹೋಗಿ ಹೆಣವನ್ನು ಹೊರಗೆ ತಂದು, ಪೋತಪ್ಪನ ಹೆಂಡತಿ ತಿಪ್ಪವ್ವನ ಮುಂದೆ ಮಲಗಿಸಿ ಮಗುವಿನಂತೆ ಅತ್ತನಂತೆ. ಮುಂದೆ ನೀರು ಬಂತು. ಒಡ್ಡರು ಚಾಪೆ ಸುತ್ತಿಕೊಂಡು ಬೇರೆ ಕೆಲಸ ಹುಡುಕುತ್ತ ಹೊರಟರು. ತಿಪ್ಪವ್ವ ಮಾತ್ರ ಹೊರಡಲಿಲ್ಲ. ಗಂಡನ ಕೈಯ ಕೆಲಸ ಇಲ್ಲಿದೆ, ಇದನ್ನು ಬಿಟ್ಟು ನಾನೆಲ್ಲಿ ಹೋಗಲಿ ಎಂದು ಎಳೆಯ ಮಗಳೊಂದಿಗೆ ಕಮಾನಿನ ಬಳಿಯೇ ಚಾಪೆಯ ಗುಡಿಸಲು ಹಾಕಿಕೊಂಡು ಉಳಿದಳು.

ನೀರು ತರುವುದು ಒಂದು ಕಷ್ಟವಾದರೆ ಹಂಚುವುದು ಹತ್ತು ಕಷ್ಟ. ಒಂದೇ ವರ್ಷದಲ್ಲಿ ಊರಿನಲ್ಲಿ ಕೊಡಲಿ ಕಾವುಗಳು ಎದ್ದವು. ಗೌಡನ ಹೊಲಕ್ಕೆ ಹಗಲೂ ರಾತ್ರಿ ನೀರು, ಕೆಳಗಿನ ಬಡವನಿಗೆ ಕೆಸರು. ಆಗ ಊರ ಹಿರಿಯರೇ ಜಾಗೀರದಾರನ ಬಳಿ ಹೋಗಿ, ಯಾರ ಬಂಧುವೂ ಅಲ್ಲದ ಈ ಪರದೇಶಿಯೇ ಪಾಲು ಹಾಕಲಿ ಎಂದು ಕೇಳಿಕೊಂಡರು. ಜಾಗೀರದಾರ ಒಪ್ಪಿ ರುಕ್ನುದ್ದೀನನಿಗೆ ಮೀರಾಬ ಎಂಬ ಹೆಸರು ಕೊಟ್ಟು ಪೇಟ ಕಟ್ಟಿಸಿದ. ರುಕ್ನುದ್ದೀನ್ ತಾಮ್ರದ ಒಂದು ಬಟ್ಟಲು ತಂದ. ತಳದಲ್ಲಿ ಸಣ್ಣ ತೂತು. ಅಗಲ ಪಾತ್ರೆಯ ನೀರಿನಲ್ಲಿ ಅದನ್ನು ತೇಲಿಬಿಟ್ಟರೆ ಮೆಲ್ಲಗೆ ತುಂಬಿ ಮುಳುಗುತ್ತದೆ. ಒಂದು ಮುಳುಗಿಗೆ ಒಂದು ಪಾಳಿ. ಅಯ್ಯೋ ಇದು ಮದುವೆಯ ಮುಹೂರ್ತಕ್ಕೆ ನಮ್ಮ ಭಟ್ಟರು ಇಡುವ ಗಳಿಗೆ ಬಟ್ಟಲೇ ಅಲ್ಲವೇ ಎಂದು ಊರವರು ನಕ್ಕು ನಿರಾಳವಾದರು. ಅದರ ಜೊತೆಗೆ ಅವನು ತನ್ನ ನಾಡಿನ ಕಟ್ಟಳೆಗಳನ್ನೂ ತಂದ. ಮೀರಾಬ ಪಾಳಿಯ ಹೊತ್ತಿನಲ್ಲಿ ಹೊಲಗಳಿಗೆ ಬೆನ್ನು ಹಾಕಿ ಕೂರಬೇಕು. ಯಾರ ಕಾಲುವೆ ತೆರೆದಿದೆ ಎಂದು ಅವನು ನೋಡಬಾರದು, ಬಟ್ಟಲು ಮುಳುಗಿದಾಗ ಹೊರಳಿಸಿ ಎಂದು ಕೂಗಬೇಕು, ಅಷ್ಟೇ. ಪೀಠ ಹಾಗೆ ನಿಂತದ್ದು ಅದಕ್ಕೆ. ಕುಡಿಯುವ ನೀರನ್ನು ಮೀರಾಬನ ಮನೆ ಎಲ್ಲರಿಗಿಂತ ಕೊನೆಗೆ ತುಂಬಿಕೊಳ್ಳಬೇಕು. ಎಲ್ಲಕ್ಕಿಂತ ದೊಡ್ಡ ಕಟ್ಟಳೆ, ತಾನು ಹಂಚುವ ನೀರು ಹಾಯುವ ನೆಲದಲ್ಲಿ ಮೀರಾಬನಿಗೆ ಒಂದು ಗೇಣು ಭೂಮಿಯೂ ಇರಕೂಡದು. ದುಡಿಮೆಗೆ ಪ್ರತಿಯಾಗಿ ಕಣದಿಂದ ಕಾಳು ಬರುತ್ತದೆ, ಭೂಮಿ ಬರುವುದಿಲ್ಲ. ಬಡಿಸುವವರು ನಮ್ಮವರಾದರೆ ಕೊನೆಯ ಪಂಕ್ತಿಯಲ್ಲಿ ಕೂತರೂ ಚಿಂತೆಯಿಲ್ಲ ಎಂಬ ಗಾದೆ ನಮ್ಮಲ್ಲಿದೆಯಲ್ಲ, ಬಡಿಸುವವನು ಯಾರವನೂ ಆಗಿರಬಾರದು ಎಂಬುದು ಅವನ ಹಟ.

ಹೀಗೆ ಬಹಳ ಕಾಲ ನಡೆಯಿತು. ಕೊಡಲಿಗಳು ಮತ್ತೆ ಸೌದೆಗೆ ಹೋದವು. ಊರಿನಲ್ಲಿ ಬತ್ತ, ಕಬ್ಬು, ಬಾಳೆ ಕಂಡವು. ರುಕ್ನುದ್ದೀನನ ಹೆಂಡತಿ ತೀರಿಕೊಂಡಳು. ಒಬ್ಬನೇ ಮಗ ಇಮಾದುದ್ದೀನ್ ದೊಡ್ಡವನಾದ. ತಂದೆಯ ಬಳಿ ಬಟ್ಟಲ ಕೆಲಸ ಕಲಿತು, ತಂದೆ ದಣಿದ ದಿನ ತಾನೇ ಕೂತು ಪಾಳಿ ನಡೆಸುತ್ತಿದ್ದ. ಕೈಯಲ್ಲಿ ಕಪಟವಿಲ್ಲದ ಹುಡುಗ ಎಂದು ಊರು ಅವನನ್ನು ಹೊಗಳುತ್ತಿತ್ತು. ತನ್ನ ನಂತರ ಹೆಸರೂ ಪೀಠವೂ ಅವನದೇ ಎಂದು ರುಕ್ನುದ್ದೀನ್ ನೆಮ್ಮದಿಯಾಗಿದ್ದ. ಪರದೇಶದಲ್ಲಿ ಮುದುಕನಾಗುವವನಿಗೆ ಬೇರೆ ಯಾವ ಆಸ್ತಿ ಇರುತ್ತದೆ? ಇದೇ ಹೊತ್ತಿಗೆ ಜಾಗೀರದಾರನಿಗೂ ಇಮಾದನ ಮೇಲೆ ಕಣ್ಣು ಬಿತ್ತು. ರೂಪವಂತ, ಓದಿದವನು, ಪಾರಸಿ ರಕ್ತ. ತನ್ನ ತಮ್ಮನ ಮಗಳನ್ನು ಅವನಿಗೆ ಕೊಡುವುದಾಗಿಯೂ, ಕಾಲುವೆಯ ಮೊದಲ ತಿರುವಿನಲ್ಲಿರುವ ಮಾವಿನ ತೋಟವನ್ನು ಉಡುಗೊರೆಯಾಗಿ ಬರೆದುಕೊಡುವುದಾಗಿಯೂ ಹೇಳಿ ಕಳಿಸಿದ. ಹುಡುಗನಿಗೆ ಹುಡುಗಿಯೂ ಇಷ್ಟವಾಗಿದ್ದಳು, ತೋಟವೂ ಇಷ್ಟವಾಗಿತ್ತು. ತಂದೆಗೆ ಹೇಳುವ ಮೊದಲೇ ಒಪ್ಪಿಕೊಂಡು ಬಂದ.

ಸುದ್ದಿ ಕೇಳಿದ ದಿನ ರುಕ್ನುದ್ದೀನ್ ಮಗನ ಮೇಲೆ ರೇಗಲಿಲ್ಲ. ಹುಡುಗಿ ಒಳ್ಳೆಯವಳು, ಮದುವೆಯಾಗು, ತೋಟ ಮಾತ್ರ ಬೇಡವೆನ್ನು ಎಂದ. ತೋಟ ಬೇಡವೆಂದರೆ ಕೊಟ್ಟವರ ಮುಖಕ್ಕೆ ಹೊಡೆದಂತೆ, ಹುಡುಗಿಯೂ ಸಿಗುವುದಿಲ್ಲ ಎಂದ ಮಗ. ಹಾಗಾದರೆ ತೋಟ ಇಟ್ಟುಕೋ, ಪೀಠ ಹತ್ತಬೇಡ ಎಂದ ತಂದೆ. ಮಗ ಎರಡನ್ನೂ ಬಿಡಲೊಲ್ಲ. ತಾನು ತೋಟಕ್ಕೆ ಹನಿ ನೀರೂ ಹೆಚ್ಚು ಬಿಡುವವನಲ್ಲ, ಇದನ್ನು ಊರೇ ಬಲ್ಲದು, ಬಿಟ್ಟು ಬಂದ ನಾಡಿನ ಕಟ್ಟಳೆ ಇಲ್ಲಿ ಏಕೆ ಎಂದು ವಾದಿಸಿದ. ಮನೆಯೊಳಗಿನ ಮಾತು ಮನೆಯೊಳಗೆ ಮುಗಿಯಲಿಲ್ಲ. ಒಂದು ಬೆಳಗ್ಗೆ ಪಾಳಿ ಶುರುವಾಗುವ ಮೊದಲು, ಹೊಲದವರೆಲ್ಲ ತೊಟ್ಟಿಯ ಸುತ್ತ ಸೇರಿದ್ದಾಗ, ಇಮಾದ ಮೀರಾಬನ ಪೇಟ ಸುತ್ತಿಕೊಂಡು ಬಂದು ಪೀಠದ ಮೇಲೆ ಕೂತ. ರುಕ್ನುದ್ದೀನ್ ಕೋಲೂರಿಕೊಂಡು ಬಂದು ಅವನೆದುರು ನಿಂತ. ಮಗನೊಡನೆ ಸದಾ ಪಾರಸಿಯಲ್ಲಿ ಮಾತಾಡುವವನು ಅಂದು ಎಲ್ಲರಿಗೂ ತಿಳಿಯಲೆಂದು ಊರಿನ ಮಾತಿನಲ್ಲೇ ಆಡಿದನೆನ್ನುತ್ತಾರೆ.

"ನಿನ್ನ ಕೈ ನೆಟ್ಟಗದ, ಅದು ನನಗೂ ಗೊತ್ತು, ಇವ್ರಿಗೂ ಗೊತ್ತು," ಎಂದ ಅವನು. "ಆದ್ರ ನಾಳಿಂದ ಯಾರ ಬೆಳಿ ಒಣಗಿದ್ರೂ ಅವ್ರು ಮೊದಲ ನಿನ್ನ ತ್ವಾಟದ ಕಡಿ ತಿರುಗಿ ನೋಡ್ತಾರ. ಅವ್ರ ಮನಸಿನಾಗ ಸಂಶಯ ಬಂತಂದ್ರ ಮೀರಾಬ ಸತ್ತಂಗ. ನೀ ಕಳ್ಳ ಅಂತ ನಾ ಇಳಿ ಅನ್ನಾಕತ್ತಿಲ್ಲ ಮಗಾ. ಇವ್ರು ನಿನ್ನ ಕಳ್ಳ ಅನ್ನೂ ದಿನ ಬರಬಾರದು ಅಂತ ಇಳಿ ಅಂತೀನಿ."

ಇಮಾದನ ಕಣ್ಣು ತುಂಬಿತ್ತು. ಅವನೂ ತಂದೆಯ ಮಗನೇ, ಹಟದಲ್ಲಿ ಕಡಿಮೆಯವನಲ್ಲ. "ಪರದೇಶಕ್ಕ ಬಂದು ಇಷ್ಟು ವರ್ಷ ದುಡಿದು ನೀವು ಗಳಿಸಿದ್ದೇನು ಅಬ್ಬಾ? ಒಂದು ಹೆಸರು. ಹೆಸರು ಉಂಡು ಹೊಟ್ಟಿ ತುಂಬ್ತದೇನು? ನಾಳಿ ನನ್ನ ಮಕ್ಕಳು ಎಲ್ಲಿ ಕಾಲಿಡಬೇಕು?" ಎಂದು ಕೇಳಿದ. ಆ ಪ್ರಶ್ನೆ ನ್ಯಾಯದ್ದೇ ಎಂದು ಮೀರಾಬರ ಮನೆಯ ಅಜ್ಜಿಯೇ ಹೇಳುತ್ತಿದ್ದಳು. ಭೂಮಿ ಬೇಕೆನ್ನುವುದು ತಪ್ಪಲ್ಲ, ಮಕ್ಕಳಿಗೆ ನೆಲ ಬೇಕೆನ್ನುವುದು ತಪ್ಪೇ ಅಲ್ಲ. ಆದರೂ ಮುದುಕ ಕದಲಲಿಲ್ಲ. ಹಾಗಾದರೆ ನಿನಗೆ ಯಜ್ದಿ ಎಂಬ ನನ್ನ ಊರಿನ ಹೆಸರು ಉಳಿಯಲಿ, ಅದನ್ನು ಯಾರೂ ಕಿತ್ತುಕೊಳ್ಳಲಾರರು, ಈ ಕೆಲಸದ ಹೆಸರು ಮಾತ್ರ ನಿನ್ನದಲ್ಲ ಎಂದು ಹೇಳಿ ಮಗನ ತಲೆಯಿಂದ ಪೇಟವನ್ನು ತೆಗೆದುಕೊಂಡ. ಇಮಾದ ಪೀಠದಿಂದ ಇಳಿದು, ಯಾರ ಮುಖವನ್ನೂ ನೋಡದೆ ಜಾಗೀರದಾರನ ವಾಡೆಯ ಕಡೆಗೆ ನಡೆದುಹೋದ.

ಊರು ದಂಗಾಗಿ ನಿಂತಿತ್ತು. ಮುದುಕನ ಕಣ್ಣು ಮಂದವಾಗಿತ್ತು, ಬಟ್ಟಲು ಮುಳುಗಿದ್ದು ಅವನಿಗೆ ಈಗ ಸರಿಯಾಗಿ ಕಾಣುತ್ತಿರಲಿಲ್ಲ. ಮಗನನ್ನೂ ಇಳಿಸಿದ ಮೇಲೆ ಮುಂದೇನು? ರುಕ್ನುದ್ದೀನ್ ಕಮಾನಿನ ಬಳಿ ನಿಂತಿದ್ದ ತಿಪ್ಪವ್ವನ ಕಡೆ ಕೈ ತೋರಿಸಿದ. ಈ ನೀರಿನ ಮೇಲೆ ಒಂದು ಗೇಣೂ ನೆಲವಿಲ್ಲದ ಮನೆ ಇಡೀ ಊರಿನಲ್ಲಿ ಇದೊಂದೇ, ಆದ್ದರಿಂದ ಮೀರಾಬ ಇನ್ನು ಇವಳು ಎಂದ. ಆಗ ಎದ್ದ ಗದ್ದಲವನ್ನು ಕೇಳಬೇಕು. ಒಡ್ಡರ ಹೆಂಗಸು ಕೂಗಿದರೆ ನಾವು ಕಾಲುವೆ ಹೊರಳಿಸಬೇಕೇ ಎಂದರು ಕೆಲವರು. ಚಾಪೆ ಹೊತ್ತು ತಿರುಗುವವಳು ನಾಳೆ ಎದ್ದು ಹೋದರೆ ಏನು ಗತಿ ಎಂದರು ಇನ್ನು ಕೆಲವರು. ಎಲ್ಲರಿಗಿಂತ ಜೋರಾಗಿ ಕೂಗಿದವನು ಒಬ್ಬ ಬಿರಾದಾರ. ಮೀರಾಬರ ಮನೆಯಲ್ಲಿ ಕಥೆ ಹೇಳುವಾಗ ಈ ಭಾಗ ಬಂದರೆ ಎಲ್ಲರೂ ನನ್ನ ಕಡೆ ತಿರುಗಿ ನಗುತ್ತಾರೆ, ನಾನೂ ನಗುತ್ತೇನೆ. ಗದ್ದಲ ತಣಿಯುವವರೆಗೂ ರುಕ್ನುದ್ದೀನ್ ಕೋಲಿನ ಮೇಲೆ ಗದ್ದ ಊರಿಕೊಂಡು ನಿಂತಿದ್ದು, ಆಮೇಲೆ ಒಂದು ಪ್ರಶ್ನೆ ಕೇಳಿದ. ನಾನು ದಿನವೂ ನಮಾಜಿಗೆ ಎದ್ದು ಹೋಗುತ್ತೇನೆ, ಇದನ್ನು ನೀವೆಲ್ಲ ಬಲ್ಲಿರಿ. ಅಷ್ಟು ಹೊತ್ತು ಬಟ್ಟಲಿನ ಮುಂದೆ ಕೂತು ಹೊರಳಿಸಿ ಎಂದು ಕೂಗುತ್ತಿದ್ದವರು ಯಾರು? ಅವಳ ಕೂಗಿಗೆ ಹೊರಳಿಸಿದ ನೀರಿನಲ್ಲಿ ಯಾರ ಪಾಲಾದರೂ ಎಂದಾದರೂ ಕಡಿಮೆಯಾಯಿತೇ?

ಬಟ್ಟಲಿನ ಮುಂದೆ ತಿಪ್ಪವ್ವ ಕೂರುವುದನ್ನು ಎಲ್ಲರೂ ಕಂಡಿದ್ದರು, ಆದರೆ ಯಾರೂ ಅದನ್ನು ಎಣಿಕೆಗೆ ತೆಗೆದುಕೊಂಡಿರಲಿಲ್ಲ. ಇಷ್ಟು ವರ್ಷ ಅವಳ ಕೂಗಿಗೆ ನೀರು ಹಾಯಿಸಿಕೊಂಡು ಉಂಡವರು ಈಗ ಬೇಡವೆನ್ನುವುದು ಹೇಗೆ? ಬಿರಾದಾರನೇ ಮೊದಲು ತಲೆ ಬಾಗಿಸಿ ಹೂಂ ಎಂದನೆಂದು ನಮ್ಮ ಅಜ್ಜಿ ಸೇರಿಸುತ್ತಿದ್ದಳು. ಈ ಒಂದು ವಾಕ್ಯ ಆ ಮನೆಯ ಅಜ್ಜಿಯ ಕಥೆಯಲ್ಲಿ ಇಲ್ಲ. ರುಕ್ನುದ್ದೀನ್ ಪೇಟವನ್ನು ತಿಪ್ಪವ್ವನ ಮಡಿಲಿಗೆ ಹಾಕಿ, ಇಂದಿನಿಂದ ನೀನು ತಿಪ್ಪವ್ವ ಮೀರಾಬ, ನಿನ್ನ ನಂತರ ಈ ಕಟ್ಟಳೆ ಹಿಡಿದವರು ಯಾರೋ ಅವರು ಮೀರಾಬರು ಎಂದ. ಅವಳು ಪೇಟವನ್ನು ಕಣ್ಣಿಗೊತ್ತಿಕೊಂಡು, ಸೆರಗು ಸೊಂಟಕ್ಕೆ ಸಿಕ್ಕಿಸಿ, ಹೊಲಗಳಿಗೆ ಬೆನ್ನು ಹಾಕಿ ಕೂತು ಬಟ್ಟಲನ್ನು ತೇಲಿಬಿಟ್ಟಳು.

ಜಾಗೀರದಾರ ಇದನ್ನು ಕೇಳಿ ಉರಿದುಹೋದ. ತಾನು ಕಟ್ಟಿಸಿದ ಪೇಟ ತನ್ನನ್ನು ಕೇಳದೆ ಕೈ ಬದಲಾಯಿಸಿತಲ್ಲ ಎಂಬುದು ಅವನ ಸಿಟ್ಟು. ಬಲವಂತ ಮಾಡುವಂತಿರಲಿಲ್ಲ. ವರ್ಷವರ್ಷವೂ ಸುರಂಗದ ಹೂಳು ತೆಗೆಯಲು ಬರುವವರು ತಿಪ್ಪವ್ವನ ಬಳಗದವರೇ, ಅವರು ಒಳಗೆ ಇಳಿಯದಿದ್ದರೆ ಮಾವಿನ ತೋಟಕ್ಕೂ ನೀರಿಲ್ಲ. ಆದ್ದರಿಂದ ಅವನು ಜಾಣತನದ ದಾರಿ ಹಿಡಿದ. ತಿಪ್ಪವ್ವನ ದುಡಿಮೆ ಮೆಚ್ಚಿ, ಕಾಲುವೆಯ ಪಕ್ಕದ ಎರೆಭೂಮಿಯನ್ನು ಅವಳಿಗೂ ಅವಳ ಮಗಳಿಗೂ ಕಾಯಂ ಆಗಿ ಕೊಟ್ಟಿರುವುದಾಗಿ ಡಂಗುರ ಸಾರಿಸಿದ. ಭೂಮಿ ತೆಗೆದುಕೊಂಡರೆ ಒಂದೋ ತನ್ನವಳಾಗುತ್ತಾಳೆ, ಇಲ್ಲವೇ ಮುದುಕನ ಕಟ್ಟಳೆಯಂತೆ ಅವಳೂ ಪೀಠದಿಂದ ಇಳಿಯುತ್ತಾಳೆ ಎಂಬುದು ಲೆಕ್ಕಾಚಾರ. ವಾಡೆಯ ಕಾರಭಾರಿ ತಾಟಿನಲ್ಲಿ ಸೀರೆ, ತೆಂಗಿನಕಾಯಿ ಇಟ್ಟುಕೊಂಡು, ಜೊತೆಗೆ ಆ ಭೂಮಿಯ ಒಂದು ಹಿಡಿ ಕರಿಮಣ್ಣನ್ನೂ ಇಟ್ಟುಕೊಂಡು ಬಂದ. ಇಡೀ ಊರು ಮತ್ತೆ ತೊಟ್ಟಿಯ ಬಳಿ ಸೇರಿತು.

ಒಡ್ಡರವಳಿಗೆ ಭೂಮಿ ಎಂದರೆ ಏನೆಂಬುದನ್ನು ನೆಲ ಇದ್ದವರು ತಿಳಿಯುವುದು ಕಷ್ಟ. ಹುಟ್ಟಿದ್ದು ಒಂದು ಊರಿನ ಬೇಲಿಯ ಬದಿಯಲ್ಲಿ, ಮದುವೆಯಾದದ್ದು ಇನ್ನೊಂದು ಊರಿನ ಕೆರೆ ಏರಿಯ ಮೇಲೆ, ಹೆತ್ತದ್ದು ದಾರಿಯಲ್ಲಿ. ಎಲ್ಲಿ ಚಾಪೆ ಕಟ್ಟಿದರೂ ಕೆಲಸ ಮುಗಿದ ಮೇಲೆ ಎತ್ತಿಕೊಂಡು ನಡೆ ಎನ್ನುವ ದನಿಯೊಂದು ಬಂದೇ ಬರುತ್ತಿತ್ತು. ತನ್ನ ತಲೆಮಾರಿನಲ್ಲಿ ಇಲ್ಲದಿದ್ದರೆ ಮಗಳ ತಲೆಮಾರಿನಲ್ಲಾದರೂ ಯಾರೂ ಏಳು ಎನ್ನದ ಒಂದು ಜಾಗ ಸಿಗಲಿ ಎಂದು ಎಲ್ಲಮ್ಮನಿಗೆ ಅವಳು ಹರಕೆ ಹೊತ್ತಿದ್ದಳಂತೆ. ಕಾರಭಾರಿ ತಾಟು ಚಾಚಿದ. ತಿಪ್ಪವ್ವ ಆ ಕರಿಮಣ್ಣನ್ನು ಕೈಗೆ ತೆಗೆದುಕೊಂಡಳು. ಮೂಸಿದಳು, ಬೆರಳಲ್ಲಿ ಹಿಸುಕಿದಳು. ಜನ್ಮವೆಲ್ಲ ಮಣ್ಣು ಹೊತ್ತವಳು, ಅದು ಎಂಥ ಮಣ್ಣೆಂದು ಅವಳಿಗೆ ಯಾರೂ ಹೇಳಬೇಕಾಗಿರಲಿಲ್ಲ. ಪಕ್ಕದಲ್ಲಿ ನಿಂತಿದ್ದ ಮಗಳು ತಾಯಿಯ ಮುಖವನ್ನೇ ನೋಡುತ್ತಿದ್ದಳು. ರುಕ್ನುದ್ದೀನ್ ದೂರದಲ್ಲಿ ಕೂತಿದ್ದ. ಮಗನಿಗೇ ಬೇಡವೆನ್ನಲಾಗದ ಭೂಮಿಯನ್ನು ಇವಳಿಗೆ ಬೇಡವೆನ್ನು ಎಂದು ಹೇಳುವ ಬಾಯಿ ಅವನಿಗಿರಲಿಲ್ಲ.

"ಹುಟ್ಟಿದಾಗಿಂದ ಚಾಪಿ ಹೊತ್ತು ತಿರುಗೀನ್ರಿ," ಎಂದಳು ತಿಪ್ಪವ್ವ. "ನಂಗ ಭೂಮಿ ಬ್ಯಾಡ ಅಂದ್ರ ಸುಳ್ಳಾಡಿದಂಗ ಆಗ್ತದ. ಬೇಕು. ಅಷ್ಟು ಬೇಕಾಗ್ಯದ ಅಂತನೇ ಬ್ಯಾಡ ಅನ್ಲಿಕತ್ತೀನಿ. ಇಷ್ಟು ಆಸಿ ಇದ್ದಾಕಿ ಕೈಯಾಗ ಭೂಮಿನೂ ಇದ್ದು ಬಟ್ಟಲೂ ಇದ್ರ, ನನ್ನ ನಾನೇ ನಂಬೂದಿಲ್ಲ. ಮತ್ತ ಇವ್ರು ಹ್ಯಾಂಗ ನಂಬಬೇಕು?"

ಮಣ್ಣನ್ನು ತಾಟಿಗೆ ಮರಳಿ ಹಾಕಿ, ಕೈ ಕೊಡವಿಕೊಂಡು, ಪಾಳಿಯ ಹೊತ್ತಾಯಿತೆಂದು ಪೀಠ ಹತ್ತಿದಳು. ಕಾರಭಾರಿ ಬಂದ ದಾರಿಯಲ್ಲೇ ಹೋದ. ಅಂದು ಸಂಜೆ ಊರವರು ತಾವಾಗಿಯೇ ಕೂಡಿ ಮಾತಾಡಿದರು. ಬೆಳಗ್ಗೆ ಗದ್ದಲ ಮಾಡುವವರೂ ಸಂಜೆ ನ್ಯಾಯ ಹೇಳುವವರೂ ಹಳ್ಳಿಯಲ್ಲಿ ಅವರೇ. ಕಟ್ಟೆಯ ಹಿಂದಿನ ಬೋಳು ಬಂಡೆಯ ಮೇಲೆ ಎಂಥ ಜಾಣನೂ ನೀರು ಹತ್ತಿಸಲಾರ, ಒಂದು ಹುಲ್ಲೂ ಅಲ್ಲಿ ಹುಟ್ಟದು. ಆ ಬಂಡೆ ತಿಪ್ಪವ್ವನದು, ಸೂರ್ಯಚಂದ್ರ ಇರುವ ತನಕ ಅಲ್ಲಿಂದ ಅವಳನ್ನಾಗಲಿ ಅವಳ ಸಂತತಿಯನ್ನಾಗಲಿ ಯಾರೂ ಏಳು ಎನ್ನಬಾರದು ಎಂದು ತೀರ್ಮಾನಿಸಿದರು. ಮರುದಿನ ಎಲ್ಲ ಜಾತಿಯವರೂ ಕಲ್ಲು ಹೊತ್ತು ಅವಳಿಗೊಂದು ಮನೆ ಕಟ್ಟಿಕೊಟ್ಟರು. ಹರಕೆ ಫಲಿಸಿತು ಎಂದುಕೊಂಡು ಅವಳು ಆ ಮನೆಯ ಜಗಲಿಯಲ್ಲಿ ಎಲ್ಲಮ್ಮನನ್ನು ಇಟ್ಟಳು. ಇಂದಿಗೂ ಮೀರಾಬರ ಮನೆಗಳ ಸುತ್ತ ಬರೀ ಕಲ್ಲು. ಭೂಮಿ ಇಲ್ಲದವರಿಗೆ ಸರ್ಕಾರ ಜಮೀನು ಹಂಚಿದಾಗ ಅವರೂ ಪಡೆದರು, ಆದರೆ ಗುಡ್ಡದ ಆಚೆ ಬದಿಯಲ್ಲಿ. ಈಚೆ ಬದಿಯಲ್ಲಿ ಅವರಿಗೆ ಒಂದು ಕರಿಬೇವಿನ ಗಿಡವೂ ಇಲ್ಲ. ಒಗ್ಗರಣೆಯ ಹೊತ್ತಿಗೆ ಸಾಯವ್ವ ಗೋಡೆಯ ಮೇಲಿಂದ ಕೈ ಚಾಚುತ್ತಾಳೆ, ನಮ್ಮ ಗಿಡ ಬೋಳಾಗುತ್ತದೆ. ಒಂದು ಕುಂಡದಲ್ಲಿ ನೆಟ್ಟುಕೊಂಡರೆ ಏನಾಗುತ್ತದೆ ಎಂದು ರೇಗಿಸಿದರೆ, ತಿನ್ನಬಹುದು ಕಾಕಾ, ನೆಡಬಾರದು ಎನ್ನುತ್ತಾಳೆ.

ರುಕ್ನುದ್ದೀನ್ ಅದಾದ ಮೇಲೆ ಹೆಚ್ಚು ಕಾಲ ಬದುಕಲಿಲ್ಲ. ಮಗ ಮಾವಿನ ತೋಟದ ಮನೆಯಲ್ಲಿ ಸಂಸಾರ ಹೂಡಿದ್ದ. ತನ್ನ ಪಾಳಿಗೆ ಎಲ್ಲರಂತೆ ಕಾಯುತ್ತಿದ್ದ, ತಿಪ್ಪವ್ವ ಹೊರಳಿಸಿ ಎಂದಾಗ ಹೊರಳಿಸುತ್ತಿದ್ದ, ಒಂದು ದಿನವೂ ತಕರಾರು ಎತ್ತಲಿಲ್ಲ. ತಂದೆ ಮಗ ಆಮೇಲೆ ಮಾತಾಡಿದರೋ ಇಲ್ಲವೋ ಎಂಬುದನ್ನು ಯಾವ ಅಜ್ಜಿಯೂ ಹೇಳಲಿಲ್ಲ. ಮುದುಕ ಹಾಸಿಗೆ ಹಿಡಿದಾಗ ಮಾತ್ರ ಇಮಾದ ಬಂದು ಕೊನೆಯ ತನಕ ಕಾಲ ಬಳಿ ಕೂತಿದ್ದ. ನೀರು ಹಾಯುವ ನೆಲದಲ್ಲಿ ತನಗೆ ಗೋರಿಯೂ ಬೇಡವೆಂದು ರುಕ್ನುದ್ದೀನ್ ಹೇಳಿದ್ದರಿಂದ ಗುಡ್ಡದ ನೆತ್ತಿಯಲ್ಲಿ ಮಣ್ಣು ಮಾಡಿದರು. ಇಮಾದ ಬೀದರದಿಂದ ಅಕ್ಷರ ಕೆತ್ತುವವನನ್ನು ಕರೆಸಿದ. ಕಲ್ಲಿನ ಮೇಲೆ ರುಕ್ನುದ್ದೀನ್ ಎಂದು ಕೆತ್ತಿಯಾಯಿತು. ಮುಂದೆ ಏನು ಕೆತ್ತಲಿ ಎಂದು ಅವನು ಕೇಳಿದಾಗ ಇಮಾದ ಕೆಲಸ ನಿಲ್ಲಿಸಲು ಹೇಳಿ, ಗುಡ್ಡ ಇಳಿದು ತಿಪ್ಪವ್ವನ ಮನೆಯ ಬಾಗಿಲಿಗೆ ಬಂದ.

ಮೀರಾಬ ಎಂಬುದು ಈಗ ಅವಳ ಹೆಸರು. ತಂದೆಯ ಗೋರಿಯ ಮೇಲೆ ಅದನ್ನು ಬರೆಸಲು ಮಗ ಅವಳ ಅಪ್ಪಣೆ ಕೇಳಬೇಕಾಗಿತ್ತು. ನನಗೆ ಬೇಡ ಅಕ್ಕಾ, ನನ್ನ ಮಕ್ಕಳಿಗೂ ಬೇಡ, ಅಬ್ಬಾಗೆ ಒಂದು ಸಲ ಕೊಡು ಎಂದು ಕೈ ಮುಗಿದು ಕೇಳಿದನಂತೆ. ತಿಪ್ಪವ್ವ ಅವನನ್ನು ಒಳಗೆ ಕರೆದು ಕೂರಿಸಿ, ಅವನ ಕೈ ಹಿಡಿದುಕೊಂಡು ಬಹಳ ಹೊತ್ತು ಅತ್ತಳು. ತನ್ನ ಗಂಡನ ಹೆಣ ಹೊತ್ತು ತಂದವನಿಗೆ ಅವಳು ಏನನ್ನು ಕೊಡಲಾರಳು? ಆಮೇಲೆ ಕಣ್ಣೊರೆಸಿಕೊಂಡು ಹೇಳಿದಳು.

"ಕೇಳಿದ್ರ ಜೀವಾನೂ ಕೊಡ್ತಿದ್ದೆ ತಮ್ಮಾ. ಇದು ಮಾತ್ರ ಆಗೂದಿಲ್ಲ. ಇದನ್ನ ಕೊಡಾಕ ಅವ್ರು ಹೊಟ್ಟ್ಯಾಗಿನ ಮಗನ್ನ ಬಿಟ್ಟಾರ. ಈಗ ನಾ ಹೊಳ್ಳಿ ಕೊಟ್ರ ನಿನ್ನ ಬಿಟ್ಟಿದ್ದೂ ಸುಳ್ಳಾಗ್ತದ."

ಇಮಾದ ಎದ್ದು ಗುಡ್ಡ ಹತ್ತಿದ. ಕೆತ್ತುವವನು ಉಳಿ ಹಿಡಿದು ಕಾಯುತ್ತಿದ್ದ. ಹಾಗಾದರೆ ಯಜ್ದಿ ಎಂದು ಕೆತ್ತಲೇ ಎಂದು ಕೇಳಿದ. ಇಮಾದ ಅದಕ್ಕೂ ಬೇಡವೆಂದ, ಆ ಜಾಗ ಅವರ ಕೆಲಸದ ಹೆಸರಿನದು, ಖಾಲಿಯೇ ಇರಲಿ ಎಂದ.

ಇಂದು ಗುಡ್ಡ ಹತ್ತಿ ಹೋದವರು ಆ ಗೋರಿಯನ್ನು ನೋಡಬಹುದು. ಇಮಾದನ ಸಂತತಿಯಾದ ತೋಟದ ಯಜ್ದಿಗಳು ಅದಕ್ಕೆ ಸುಣ್ಣ ಬಳಿಯುತ್ತಾರೆ, ಬಂಡೆಯ ಮೀರಾಬರು ಸುತ್ತಲ ಕಸ ತೆಗೆಯುತ್ತಾರೆ. ತಲೆಯ ಕಡೆಯ ಕಲ್ಲಿನಲ್ಲಿ ಪಾರಸಿ ಅಕ್ಷರದ ಹೆಸರೊಂದು 'ರುಕ್ನುದ್ದೀನ್' ಎಂದು ತೊಡಗಿ ಅಲ್ಲಿಗೇ ನಿಲ್ಲುತ್ತದೆ. ಅದರ ಮುಂದೆ ಇನ್ನೊಂದು ಹೆಸರು ಹಿಡಿಸುವಷ್ಟು ಜಾಗವನ್ನು ಉಜ್ಜಿ ನಯ ಮಾಡಿ ಹಾಗೆಯೇ ಬಿಟ್ಟಿದ್ದಾರೆ. ನೋಡಲು ಬಂದವರು ಅಕ್ಷರ ಸವೆದುಹೋಗಿದೆಯೆಂದು ತಿಳಿದು ಬಗ್ಗಿ ಬೆರಳಾಡಿಸಿ ಹುಡುಕುತ್ತಾರೆ. ಅಲ್ಲಿ ಏನೂ ಇಲ್ಲ ಎಂದು ನಾವು ಹೇಳುತ್ತೇವೆ, ಇದ್ದದ್ದನ್ನು ಅವರು ಕೊಟ್ಟುಬಿಟ್ಟಿದ್ದಾರೆ.